ಮುಚ್ಚಿದ ಲಕೋಟೆ ತೆರೆದ ಮೇಲೆ ಹಿಂಬಾಕಿ ವೇತನ: ಕೆಎಟಿ ಮೆಟ್ಟಿಲು ಹತ್ತದೆ ಪಡೆದ ನನ್ನ ಅನುಭವ

ಇಲಾಖಾ ವಿಚಾರಣೆಯಿಂದ ಸಂಪೂರ್ಣ ದೋಷಮುಕ್ತನಾದ ನೌಕರನಿಗೆ ಮುಂಬಡ್ತಿ ಸಿಕ್ಕೀತು, ಆದರೆ ಹಿಂದಿನ ಅವಧಿಯ ಹಣ ಕರ್ನಾಟಕ ಆಡಳಿತ ನ್ಯಾಯಮಂಡಳಿಗೆ (ಕೆಎಟಿ) ಹೋಗದೆ ಬರುವುದಿಲ್ಲ ಎಂಬುದು ಬೆಂಗಳೂರಿನ ಸರ್ಕಾರಿ ಬಹುಮಹಡಿ ಕಟ್ಟಡದ ಯಾವ ಶಾಖೆಯಲ್ಲಿ ಕೇಳಿದರೂ ಸಿಗುವ ಉತ್ತರ. ನನ್ನ ಹಿರಿಯ ಸಹೋದ್ಯೋಗಿಗಳೂ ಅದನ್ನೇ ಹೇಳಿದ್ದರು. ಹಿಂಬಾಕಿ ಪೂರ್ತಿಯಾಗಿ ಜಮೆಯಾದ ಮೇಲೆ ಅವರಲ್ಲಿ ಕೆಲವರು ನನ್ನ ಕಡತದ ಪ್ರತಿ ಕೇಳಿಕೊಂಡು ಬಂದರು ಎಂಬುದನ್ನು ಹೇಳಿಕೊಳ್ಳಲು ನನಗೆ ಸಂಕೋಚವಿಲ್ಲ.

ಸರ್ಕಾರಿ ನೌಕರರ ಶಿಸ್ತುಕ್ರಮಕ್ಕೆ ಸಂಬಂಧಿಸಿದ 1957ರ ಸಿಸಿಎ ನಿಯಮಗಳ 11ನೇ ನಿಯಮದಡಿ 2013ರಲ್ಲಿ ನನಗೆ ದೋಷಾರೋಪಣಾ ಪಟ್ಟಿ ಜಾರಿಯಾಯಿತು. ಮರುವರ್ಷ ಸೇರಿದ ಇಲಾಖಾ ಮುಂಬಡ್ತಿ ಸಮಿತಿ ನನ್ನ ಬಗೆಗಿನ ಶಿಫಾರಸನ್ನು ವಿಚಾರಣೆ ಮುಗಿಯುವವರೆಗೆ ತೆರೆಯದಂತೆ ಮುಚ್ಚಿದ ಲಕೋಟೆಯಲ್ಲಿಟ್ಟಿತು, ನನಗಿಂತ ಕಿರಿಯರು ಮುಂಬಡ್ತಿ ಪಡೆದು ಹೋದರು. 2019ರಲ್ಲಿ ಆರೋಪಗಳೆಲ್ಲ ರುಜುವಾತಾಗಿಲ್ಲವೆಂಬ ಅಂತಿಮ ಆದೇಶ ಬಂತು. ಲಕೋಟೆ ತೆರೆದು, ಕಿರಿಯರಿಗೆ ಮುಂಬಡ್ತಿ ನೀಡಿದ ದಿನಾಂಕದಿಂದಲೇ ನನಗೂ ಮುಂಬಡ್ತಿ ನೀಡಿದರು. ಆದರೆ ಆದೇಶದ ಕೊನೆಯಲ್ಲಿ ‘ಸದರಿ ಅವಧಿಯನ್ನು ಕಾಲ್ಪನಿಕವಾಗಿ ಪರಿಗಣಿಸತಕ್ಕದ್ದು, ಹಿಂಬಾಕಿಗೆ ಅರ್ಹರಲ್ಲ’ ಎಂಬ ಒಂದು ಸಾಲು ಕೂತಿತ್ತು. ಅಂದರೆ ಮುಂಬಡ್ತಿ ಕಾಗದದ ಮೇಲಷ್ಟೇ, ಆ ಅವಧಿಯ ಹಣವಿಲ್ಲ.

ಮೊದಲ ಮನವಿಯಲ್ಲಿ ನಾನು ನಿರಪರಾಧಿ ಎಂಬುದನ್ನೂ ಅನುಭವಿಸಿದ ಅನ್ಯಾಯವನ್ನೂ ಪುಟಗಟ್ಟಲೆ ಬರೆದಿದ್ದೆ. ‘ಪರಿಶೀಲಿಸಲಾಗಿ, ಅವಕಾಶವಿರುವುದಿಲ್ಲ’ ಎಂಬ ಒಂದೇ ಸಾಲಿನ ಹಿಂಬರಹ ಬಂತು. ವಕೀಲರೊಬ್ಬರಿಂದ ಬರೆಸಿದ ಎರಡನೆಯ ಮನವಿಗೆ ಸುಮಾರು ಐದು ಸಾವಿರ ಖರ್ಚಾಯಿತು. ಅದರಲ್ಲಿ ತೀರ್ಪುಗಳ ಉದ್ಧರಣೆಯೇ ಹೆಚ್ಚಿದ್ದರಿಂದ ವಿಷಯ ನಿರ್ವಾಹಕರು ಅದನ್ನು ಕಾನೂನು ಕೋಶಕ್ಕೆ ಕಳುಹಿಸಿದರು, ಅಲ್ಲಿ ಅದು ತಿಂಗಳುಗಟ್ಟಲೆ ಕೂತಿತು. ಕೆಎಟಿಗೆ ಅರ್ಜಿ ಹಾಕಲು ಅದೇ ವಕೀಲರು ನಲವತ್ತು ಸಾವಿರದಷ್ಟು ಕೇಳಿದಾಗ ನಾನೇ ಕೂತು ಸುಪ್ರೀಂ ಕೋರ್ಟಿನ ಜಾನಕಿರಾಮನ್ ತೀರ್ಪನ್ನು ಮೊದಲಿನಿಂದ ಓದಿದೆ.

1991ರ ಆ ತೀರ್ಪನ್ನು ಎಲ್ಲರೂ ‘ಕೆಲಸವಿಲ್ಲದಿದ್ದರೆ ವೇತನವಿಲ್ಲ’ ಎಂಬ ತತ್ವ ದೋಷಮುಕ್ತರಾದ ಇಂಥ ನೌಕರರಿಗೆ ಅನ್ವಯಿಸದು ಎಂಬ ಮಾತಿಗಾಗಿ ಉಲ್ಲೇಖಿಸುತ್ತಾರೆ. ನನಗೆ ಉಪಯೋಗಕ್ಕೆ ಬಂದದ್ದು ಅದರ ಮುಂದಿನ ಭಾಗ. ನೌಕರನೇ ವಿಚಾರಣೆಯನ್ನು ವಿಳಂಬಗೊಳಿಸಿದ್ದರೆ, ಅಥವಾ ಸಂಶಯದ ಲಾಭ ಪಡೆದು ಬಿಡುಗಡೆಯಾಗಿದ್ದರೆ, ಅಂಥ ಸಂದರ್ಭಗಳಲ್ಲಿ ಹಿಂಬಾಕಿಯನ್ನು ನಿರಾಕರಿಸಬಹುದು, ಆದರೆ ಅದಕ್ಕೆ ಕಾರಣಗಳನ್ನು ದಾಖಲಿಸಬೇಕು ಎಂದು ಅಲ್ಲಿದೆ. ಹಾಗಾದರೆ ನಾನು ಸಾಬೀತುಪಡಿಸಬೇಕಾದದ್ದು ನನ್ನ ನಿರಪರಾಧಿತ್ವವನ್ನಲ್ಲ, ಅದು ಆಗಲೇ ತೀರ್ಮಾನವಾಗಿತ್ತು. ವಿಳಂಬ ಯಾರಿಂದಾಯಿತು ಎಂಬುದನ್ನು ತೋರಿಸಿದರೆ ಸಾಕಿತ್ತು.

ವಿಚಾರಣಾಧಿಕಾರಿಗಳ ಆದೇಶ ಹಾಳೆಯ ದೃಢೀಕೃತ ಪ್ರತಿಯನ್ನೂ ಮುಂಬಡ್ತಿ ಕಡತದ ಟಿಪ್ಪಣಿ ಹಾಳೆಗಳನ್ನೂ ಮಾಹಿತಿ ಹಕ್ಕಿನಡಿ ತೆಗೆಸಿದೆ. ಖರ್ಚು ನೂರೈವತ್ತು ರೂಪಾಯಿಯ ಒಳಗೇ. ಆದೇಶ ಹಾಳೆಯ ಪುಟ ಪುಟದಲ್ಲೂ ‘ಮಂಡನಾಧಿಕಾರಿ ಗೈರು’, ‘ಮೂಲ ದಾಖಲೆ ಹಾಜರುಪಡಿಸಿಲ್ಲ’, ‘ಸಾಕ್ಷಿಗೆ ಸಮನ್ಸ್ ಜಾರಿಯಾಗಿಲ್ಲ’ ಎಂಬ ನಮೂದುಗಳೇ ತುಂಬಿದ್ದವು (ಮಂಡನಾಧಿಕಾರಿ ಎಂದರೆ ವಿಚಾರಣೆಯಲ್ಲಿ ಇಲಾಖೆಯ ಪರ ವಾದ ಮಂಡಿಸುವವರು). ನನ್ನ ಕೋರಿಕೆಯ ಮೇರೆಗೆ ಮುಂದೂಡಿದ್ದು ಒಮ್ಮೆ ಮಾತ್ರ, ತಾಯಿಯವರ ಶಸ್ತ್ರಚಿಕಿತ್ಸೆಯ ಸಮಯದಲ್ಲಿ. ಪ್ರತಿ ದಿನಾಂಕದ ಎದುರು ಮುಂದೂಡಿದ ಕಾರಣ ಮತ್ತು ಕೋರಿದವರು ಯಾರು ಎಂದು ಬರೆದು ಒಂದು ತಃಖ್ತೆ (ಪಟ್ಟಿ) ಸಿದ್ಧಪಡಿಸಿದೆ. ಟಿಪ್ಪಣಿ ಹಾಳೆಯಲ್ಲಂತೂ ಹಿಂಬಾಕಿ ನಿರಾಕರಣೆಗೆ ಒಂದು ಕಾರಣವನ್ನೂ ಬರೆದಿರಲಿಲ್ಲ.

ಮೂರನೆಯ ಮನವಿ ಒಂದೇ ಪುಟದ್ದು. ‘ಹಿಂಬಾಕಿ ನಿರಾಕರಿಸಲು ದಾಖಲಿಸಿರುವ ಕಾರಣಗಳನ್ನು ತಿಳಿಸಬೇಕು, ಕಾರಣಗಳಿಲ್ಲದಿದ್ದಲ್ಲಿ ಆ ಷರತ್ತನ್ನು ಕೈಬಿಡಬೇಕು’ ಎಂಬುದಷ್ಟೇ ಕೋರಿಕೆ. 1985ರ ಆಡಳಿತ ನ್ಯಾಯಮಂಡಳಿಗಳ ಕಾಯಿದೆಯ 20ನೇ ಪ್ರಕರಣದಂತೆ, ಕೆಎಟಿಗೆ ಹೋಗುವ ಮೊದಲು ಆರು ತಿಂಗಳು ಕಾಯುವುದಾಗಿ ಕೊನೆಯಲ್ಲಿ ನಮೂದಿಸಿ, ಟಪಾಲು ಶಾಖೆಯ ಮೊಹರಿನೊಂದಿಗೆ ಸ್ವೀಕೃತಿ ಪಡೆದೆ. ಅಡಕಗಳನ್ನು ಯಾವ ಕ್ರಮದಲ್ಲಿ ಜೋಡಿಸಿದೆ, ಯಾರಿಗೆ ಪ್ರತಿ ಗುರುತು ಹಾಕಿದೆ ಎಂಬುದನ್ನು ಮಾತ್ರ ಇಲ್ಲಿ ಬರೆಯುವುದಿಲ್ಲ, ಎದುರು ಕೂತು ಕೇಳಿದವರಿಗೆ ಹೇಳುತ್ತೇನೆ.

ಆರ್ಥಿಕ ಶಾಖೆಯಿಂದ ಒಂದು ಆಕ್ಷೇಪಣೆ ಬಂತು. ಸುಪ್ರೀಂ ಕೋರ್ಟಿನ 2008ರ ತರ್ಸೇಮ್ ಸಿಂಗ್ ತೀರ್ಪಿನಂತೆ ಹಿಂಬಾಕಿಯನ್ನು ಮೂರು ವರ್ಷಕ್ಕೆ ಮಿತಿಗೊಳಿಸಬೇಕು ಎಂದರು. ಆ ಮಿತಿ ತಡವಾಗಿ ಕೇಳಿದವರಿಗೆ ಸಂಬಂಧಿಸಿದ್ದು, ನನ್ನ ಹಕ್ಕು ಹುಟ್ಟಿದ್ದೇ ದೋಷಮುಕ್ತಿಯ ಆದೇಶದಿಂದ, ಅದರ ಬೆನ್ನಲ್ಲೇ ನಾನು ಕೇಳಿದ್ದೇನೆ ಎಂದು ಉತ್ತರಿಸಿದೆ. ಕಡತ ಮುಂದೆ ಹೋಯಿತು, ಆ ಸಾಲನ್ನು ಕೈಬಿಟ್ಟು ತಿದ್ದುಪಡಿ ಆದೇಶ ಹೊರಟಿತು.

ಆದೇಶ ಬಂದ ಮೇಲೂ ಲೆಕ್ಕವನ್ನು ಬಿಲ್ಲು ಶಾಖೆಗೇ ಬಿಡಲಾಗದು. ರಾಜ್ಯದ 6ನೇ ವೇತನ ಆಯೋಗದ ಪರಿಷ್ಕರಣೆ 2017ರ ಜುಲೈ 1ರಿಂದ ಕಾಲ್ಪನಿಕವಾಗಿ ಜಾರಿಯಾಗಿ, ಆರ್ಥಿಕ ಲಾಭ 2018ರ ಏಪ್ರಿಲ್ 1ರಿಂದ ಸಿಕ್ಕಿತು. ಆದ್ದರಿಂದ ಮೊದಲು ಹಳೆಯ ಶ್ರೇಣಿಯಲ್ಲಿ ಮುಂಬಡ್ತಿಯ ವೇತನ ನಿಗದಿಯಾಗಿ, ಬಳಿಕ ಅದರ ಮೇಲೆ ಪರಿಷ್ಕೃತ ಶ್ರೇಣಿಯ ನಿಗದೀಕರಣ ಆಗಬೇಕು. ನನ್ನ ಬಿಲ್ಲಿನಲ್ಲಿ ಈ ಕ್ರಮ ತಲೆಕೆಳಗಾಗಿತ್ತು, ಮನೆ ಬಾಡಿಗೆ ಭತ್ಯೆಯ ವ್ಯತ್ಯಾಸವನ್ನೂ ಬಿಟ್ಟಿದ್ದರು. ಕಿರಿಯರೊಬ್ಬರ ವೇತನವನ್ನು ತಿಂಗಳುವಾರು ಪಕ್ಕದಲ್ಲಿಟ್ಟು ತಯಾರಿಸಿದ ತಃಖ್ತೆ ಕೊಟ್ಟ ಮೇಲೆ ಎರಡೂ ಮುಕ್ಕಾಲು ಲಕ್ಷದಷ್ಟಿದ್ದ ಮೊತ್ತ ಹತ್ತಿರ ಹತ್ತಿರ ಮೂರೂವರೆ ಲಕ್ಷಕ್ಕೆ ಏರಿತು. ಬಡ್ಡಿಗೂ ಪ್ರತ್ಯೇಕ ಮನವಿ ಹಾಕಿ ನೋಡಿದೆ, ಅದು ನಡೆಯಲಿಲ್ಲ.

ಇದೇ ವಿಧಾನವನ್ನು ಇನ್ನಿಬ್ಬರು ಸ್ನೇಹಿತರ ಪ್ರಕರಣದಲ್ಲೂ ಪ್ರಯತ್ನಿಸಿದೆವು. ನಿವೃತ್ತರಾಗಿದ್ದ ಒಬ್ಬರಿಗೆ ಹಣವೂ ಬಂತು, ಪಿಂಚಣಿಯೂ ಪರಿಷ್ಕರಣೆಯಾಯಿತು. ಇನ್ನೊಬ್ಬರಿಗೆ ವಿಚಾರಣೆಯ ಕೊನೆಯಲ್ಲಿ ವಾಗ್ದಂಡನೆಯಾಗಿತ್ತು. ದಂಡನೆ ಎಷ್ಟೇ ಚಿಕ್ಕದಿರಲಿ, ಅದು ಇದ್ದರೆ ಲಕೋಟೆಯೊಳಗಿನ ಶಿಫಾರಸು ಜಾರಿಯಾಗುವುದಿಲ್ಲ, ಮುಂದಿನ ಸಮಿತಿಯ ಮುಂದೆ ಹೊಸದಾಗಿ ಪರಿಗಣನೆಯಾಗಬೇಕು. ಅವರು ಮೊದಲು ಆ ವಾಗ್ದಂಡನೆಯ ವಿರುದ್ಧ ಮೇಲ್ಮನವಿ ಸಲ್ಲಿಸಬೇಕಿತ್ತು. ಅವರ ಮೇಲಧಿಕಾರಿ ‘ಬರೀ ವಾಗ್ದಂಡನೆ, ಬಿಟ್ಟುಬಿಡಿ’ ಎಂದು ಹೇಳಿ ಮೇಲ್ಮನವಿಯ ಅವಧಿ ಕಳೆಯುವಂತೆ ಮಾಡಿದ್ದು ನನಗೆ ಈಗಲೂ ನೋವಿನ ಸಂಗತಿ.

ಹಣ ಒಂದೇ ವರ್ಷದಲ್ಲಿ ಬಂದದ್ದರಿಂದ ತೆರಿಗೆಯೂ ಏರುತ್ತದೆ. ಹಿಂಬಾಕಿ ಒಟ್ಟಿಗೆ ಬಂದಾಗ ಏರುವ ತೆರಿಗೆಗೆ ಆಗಿನ 1961ರ ಆದಾಯ ತೆರಿಗೆ ಕಾಯಿದೆಯ 89ನೇ ಪ್ರಕರಣದಲ್ಲಿದ್ದ ಪರಿಹಾರಕ್ಕಾಗಿ ರಿಟರ್ನ್ಸ್‌ಗೆ ಮೊದಲೇ ನಮೂನೆ 10ಇ ಸಲ್ಲಿಸಿದ್ದರಿಂದ ನನಗೆ ಮೂವತ್ತು ಸಾವಿರದಷ್ಟು ಉಳಿಯಿತು. ಪರಿಷ್ಕೃತ ವೇತನವನ್ನು ಸೇವಾ ಪುಸ್ತಕದಲ್ಲಿ ವರ್ಷವಾರು ನಮೂದಿಸಿ ಸಹಿ ಹಾಕಿಸುವವರೆಗೂ ನಾನು ಆ ಶಾಖೆಗೆ ಹೋಗುವುದನ್ನು ನಿಲ್ಲಿಸಲಿಲ್ಲ, ಏಕೆಂದರೆ ನಾಳೆ ಪಿಂಚಣಿಯ ಲೆಕ್ಕ ಹಾಕುವವರು ನೋಡುವುದು ಆ ಪುಟಗಳನ್ನೇ.