‘ದ್ವೀಪವಾಸಿ’ ಅಂತ ಬರೆದು ಅಳಿಸಿದ್ದು: ಒಂದು ಅನುವಾದದ ಅನುಭವ

ಕಳೆದ ಮಳೆಗಾಲದಲ್ಲಿ ನಾನು ಒಂದು ಇಂಗ್ಲಿಷ್ ಪ್ರಬಂಧವನ್ನು ಕನ್ನಡಕ್ಕೆ ತರುತ್ತಿದ್ದೆ. 22 ಪುಟ, ಅಷ್ಟೇ. ಸೇಂಟ್ ಕಿಲ್ಡಾ ಅನ್ನೋ ದ್ವೀಪದ ಬಗ್ಗೆ. ಸ್ಕಾಟ್ಲೆಂಡಿನ ಪಶ್ಚಿಮಕ್ಕೆ ಅಟ್ಲಾಂಟಿಕ್ ಸಮುದ್ರದ ಒಳಗೆ ಇರುವ, ಒಂದು ಮರವೂ ಬೆಳೆಯದ ಜಾಗ. ಅಲ್ಲಿನ ಜನ ಕಡಿದಾದ ಬಂಡೆಗಳ ಮೇಲಿಂದ ಹಗ್ಗ ಹಿಡಿದು ಇಳಿದು, ಕಡಲ ಹಕ್ಕಿಗಳನ್ನೂ ಅವುಗಳ ಮೊಟ್ಟೆಗಳನ್ನೂ ತಂದು ಬದುಕಿದವರು. ಜನ ಕಮ್ಮಿ ಆಗುತ್ತಾ ಬಂದು, ಕೊನೆಗೆ ಉಳಿದ 36 ಮಂದಿ ತಾವೇ ಸರ್ಕಾರಕ್ಕೆ ಅರ್ಜಿ ಬರೆದುಕೊಂಡು, 1930ರ ಆಗಸ್ಟ್ 29ರಂದು ಹಡಗು ಹತ್ತಿ ಊರು ಬಿಟ್ಟರು.

ಇದರಲ್ಲಿ ‘ಐಲ್ಯಾಂಡರ್’ ಅನ್ನೋ ಪದ ಪುಟಕ್ಕೆ ಎರಡು ಮೂರು ಸಲ ಬರುತ್ತದೆ. ನಾನು ಯೋಚನೆ ಮಾಡದೆ ‘ದ್ವೀಪವಾಸಿ’ ಅಂತ ಬರೆಯುತ್ತಾ ಹೋದೆ. ನಿಘಂಟಿನಲ್ಲಿ ಅದೇ ಇದೆ, ತಪ್ಪೇನಿಲ್ಲ. ಮೊದಲ ಕರಡು ಮುಗಿಸಿ, ಕಲಬುರಗಿಯ ನಮ್ಮ ಮನೆಯ ಪಡಸಾಲೆಯಲ್ಲಿ ಕೂತು ಅವ್ವನಿಗೆ ಓದಿ ಹೇಳಿದೆ. ಬರೆದದ್ದನ್ನೆಲ್ಲ ಒಮ್ಮೆ ಅವ್ವನ ಕಿವಿಗೆ ಹಾಕುವುದು ನನ್ನ ರೂಢಿ. ಅವ್ವ ನಾಲ್ಕು ಪುಟ ಕೇಳಿ, "ಅಲ್ಲವ್ವಾ, ಈ ಮಂದಿ ಏನ್ ವನವಾಸಕ್ಕ ಹೋಗ್ಯಾರೇನ್?" ಅಂದಳು.

ನಾನು ಪೆನ್ನು ಕೆಳಗಿಟ್ಟೆ. ಅವ್ವ ಕೇಳಿದ್ದು ಸರಿಯಾಗಿತ್ತು. ‘ವಾಸಿ’ ಅಂದ ಕೂಡಲೇ ನಮ್ಮ ಕಿವಿಗೆ ವನವಾಸಿ, ಆದಿವಾಸಿ, ಪರವಾಸಿ ಎಲ್ಲ ಒಟ್ಟಿಗೆ ಬರುತ್ತವೆ. ಯಾರೋ ದೂರದವರು, ಅವರನ್ನು ನಾವು ಇಲ್ಲಿ ನಿಂತು ನೋಡುತ್ತಿದ್ದೇವೆ ಅನ್ನೋ ಭಾವ. ಕಲಬುರಗಿಯವರನ್ನು ಯಾರಾದರೂ ‘ಕಲಬುರಗಿವಾಸಿ’ ಅಂತಾರಾ? ಕಲಬುರಗಿಯವರು ಅಂತಾರೆ. ಒಂದು ಜಾಗ ಮನುಷ್ಯನ ಸ್ವಂತದ್ದು ಆಗಿದ್ದರೆ ಕನ್ನಡಕ್ಕೆ ಸಾಕಾಗೋದು ‘ಅವರು’ ಅನ್ನೋ ಬಾಲ ಮಾತ್ರ. ಆದರೆ ‘ದ್ವೀಪದವರು’ ಅಂದರೂ ನನಗೆ ಸಮಾಧಾನ ಆಗಲಿಲ್ಲ, ಯಾಕಂದರೆ ‘ದ್ವೀಪ’ವೇ ನಮ್ಮ ಬಾಯಲ್ಲಿ ಪಾಠದ ಪದ. ಅಲ್ಲಿಂದ ಶುರುವಾದ ಹುಡುಕಾಟ ನನ್ನ ಒಂದು ತಿಂಗಳು ತೆಗೆದುಕೊಂಡಿತು.

ಮೊದಲು ‘ದ್ವೀಪ’ದಿಂದಲೇ ಹೊರಟೆ. ಅದನ್ನು ಬಿಡಿಸಿದರೆ ‘ದ್ವಿ’ ಮತ್ತು ‘ಅಪ್’, ಎರಡು ಕಡೆ ನೀರು. ಇದು ಗೊತ್ತಿದ್ದದ್ದೇ. ಗೊತ್ತಿಲ್ಲದ್ದು ಹೊಳೆದದ್ದು ಒಂದು ಸಂಜೆ, ರಾಯಚೂರು ದೋಆಬ್ ಬಗ್ಗೆ ಏನೋ ಓದುವಾಗ. ದೋಆಬ್ ಪಾರಸಿ ಪದ, ‘ದೋ’ ಅಂದರೆ ಎರಡು, ‘ಆಬ್’ ಅಂದರೆ ನೀರು. ಸಂಸ್ಕೃತದ ‘ಅಪ್’ ಮತ್ತು ಪಾರಸಿಯ ‘ಆಬ್’ ಒಂದೇ ಬೇರಿನವು, ‘ದ್ವಿ’ ಮತ್ತು ‘ದೋ’ ಕೂಡ ಹಾಗೆಯೇ. ಅಂದರೆ ದ್ವೀಪ ಮತ್ತು ದೋಆಬ್ ಅಕ್ಕ ತಂಗಿಯರು! ಒಬ್ಬಳು ಸಂಸ್ಕೃತದ ಮನೆಗೆ ಹೋದಳು, ಒಬ್ಬಳು ಪಾರಸಿ ಮನೆಗೆ. ಕೃಷ್ಣಾ ತುಂಗಭದ್ರೆಗಳ ನಡುವಿನ ಅದೇ ನೆಲಕ್ಕೆ ಹಳೆಯ ಕನ್ನಡದವರು ‘ಎಡೆದೊರೆ’ ಅಂದರು. ಎಡೆ ಅಂದರೆ ನಡುವೆ, ತೊರೆ ಅಂದರೆ ನದಿ. ಸುಲ್ತಾನರ ಕಾಲದ ಪದವೂ ಹಳೆಗನ್ನಡದ ಪದವೂ ಒಂದೇ ನೆಲವನ್ನು ಒಂದೇ ರೀತಿ ನೋಡಿವೆ. ಅವತ್ತು ರಾತ್ರಿ ನನಗೆ ಬೇಗ ನಿದ್ದೆ ಬರಲಿಲ್ಲ.

ಅಕ್ಷರ ಒಂದು ಗಿಡ್ಡ ಆದರೂ ಅರ್ಥ ಎಲ್ಲಿಗೋ ಹೋಗುತ್ತದೆ ಅನ್ನೋದನ್ನೂ ಹೇಳಬೇಕು. ‘ದ್ವಿಪ’ ಅಂದರೆ ಆನೆ, ಸೊಂಡಿಲಿಂದ ಒಮ್ಮೆ ಬಾಯಿಂದ ಒಮ್ಮೆ, ಹೀಗೆ ಎರಡು ಸಲ ಕುಡಿಯುವ ಪ್ರಾಣಿ. ‘ದ್ವೀಪಿ’ ಅಂದರೆ ದ್ವೀಪದವನು ಅಂದುಕೊಂಡರೆ ತಪ್ಪು, ಕಾವ್ಯದಲ್ಲಿ ಅದು ಚಿರತೆ ಅಥವಾ ಹುಲಿ. ಮೈಮೇಲಿನ ಮಚ್ಚೆಗಳು ನೀರಿನ ನಡುವಿನ ದ್ವೀಪಗಳ ಹಾಗೆ ಕಾಣುತ್ತವಲ್ಲ, ಅದಕ್ಕೆ. ‘ದ್ವೀಪವಾಸಿ’ಯನ್ನು ಚಿಕ್ಕದು ಮಾಡಿ ‘ದ್ವೀಪಿ’ ಅಂತ ಹಾಕೋಣ ಅಂತ ಒಂದು ದಿನ ಮನಸ್ಸು ಮಾಡಿದ್ದೆ. ಈ ಚಿರತೆ ಅಡ್ಡ ಬಂತು.

ನಮ್ಮ ನೆರೆಯ ಭಾಷೆಗಳನ್ನೂ ಕೇಳಿದೆ. ಬೀದರ್ ಕಡೆಯ ನನ್ನ ಸಹೋದ್ಯೋಗಿಗಳಿಗೆ ಮನೆಯಲ್ಲೊಂದು ಸಂತೆಯಲ್ಲೊಂದು ಭಾಷೆ, ಅವರನ್ನು ಕೇಳಿದರೆ ಸಾಕು. ಮರಾಠಿಯಲ್ಲಿ ‘ಬೇಟ್’, ಅದೇ ಪದ ಬಿದಿರಿನ ಹಿಂಡಿಗೂ ಇದೆ. ತೆಲುಗಿನಲ್ಲಿ ಗೋದಾವರಿ ನಡುವಿನ ಊರುಗಳಿಗೆ ‘ಲಂಕ’ ಅಂತಾರೆ. ನಮಗೆ ಲಂಕೆ ಅಂದರೆ ರಾವಣ, ಬೆಂಕಿ, ಅಶೋಕವನ. ಅವರಿಗೆ ಹೊಗೆಸೊಪ್ಪು ಬೆಳೆಯುವ ಮೆಕ್ಕಲು ಮಣ್ಣಿನ ಹೊಲ. ಉರ್ದುವಿನಲ್ಲಿ ಜಜೀರಾ, ಅರಬ್ಬಿಯಿಂದ ಬಂದದ್ದು, ಅಲ್ಜೀರಿಯಾ ದೇಶದ ಹೆಸರು ಬಂದದ್ದೂ ಅದರ ಬಹುವಚನದಿಂದಲೇ. ಮಾಲ್ಡೀವ್ಸಿನ ಜನ ತಮ್ಮನ್ನು, ತಮ್ಮ ಭಾಷೆಯನ್ನು ‘ದಿವೇಹಿ’ ಅಂತ ಕರೆದುಕೊಳ್ಳುತ್ತಾರೆ. ಅದರ ಅರ್ಥವೇ ದ್ವೀಪದವರು. ಇಡೀ ದೇಶವೇ ದ್ವೀಪವಾದ್ದರಿಂದ ಆ ಪದದಲ್ಲಿ ದೂರ ಇಲ್ಲ, ‘ನಾವು’ ಅನ್ನೋದಷ್ಟೇ ಇದೆ.

ಇಂಗ್ಲಿಷ್ ಪ್ರಬಂಧದಲ್ಲಿ ಇನ್ನೊಂದು ತೊಡಕಿತ್ತು. ಲ್ಯಾಟಿನ್ನಿನಲ್ಲಿ ದ್ವೀಪಕ್ಕೆ ‘ಇನ್ಸುಲಾ’ ಅಂತಾರೆ. ಇಂಗ್ಲಿಷಿನ ‘ಇನ್ಸುಲರ್’ ಬಂದದ್ದು ಅಲ್ಲಿಂದ, ಮನಸ್ಸು ಸಣ್ಣದು, ಹೊರಗಿನದನ್ನು ಒಳಗೆ ಬಿಟ್ಟುಕೊಳ್ಳದವರು ಅನ್ನೋ ಅರ್ಥ ಅದಕ್ಕಿದೆ. (ಅವ್ವನಿಗೆ ದಿನಾ ಕೊಡೋ ಇನ್ಸುಲಿನ್ ಕೂಡ ಅದೇ ಮನೆತನದ್ದು. ಮೇದೋಜೀರಕ ಗ್ರಂಥಿಯೊಳಗೆ ದ್ವೀಪದ ಹಾಗೆ ಚದುರಿರುವ ಜೀವಕೋಶಗಳ ಗುಂಪಿನಲ್ಲಿ ಹುಟ್ಟುವುದರಿಂದ ಆ ಹೆಸರು.) ಲೇಖಕರು ಒಂದು ಕಡೆ ಐಲ್ಯಾಂಡರ್ ಮತ್ತು ಇನ್ಸುಲರ್ ಎರಡನ್ನೂ ಒಂದೇ ವಾಕ್ಯದಲ್ಲಿ ಇಟ್ಟು ಆಡುತ್ತಾರೆ. ಕನ್ನಡದಲ್ಲಿ ಆ ಆಟ ನಡೆಯಲ್ಲ. ಯಾಕೆ ಅಂತ ತುಂಬಾ ಯೋಚಿಸಿದೆ. ನಮ್ಮಲ್ಲಿ ಸಣ್ಣ ಮನಸ್ಸು ಇರೋದು ಬಾವಿಯಲ್ಲಿ, ದ್ವೀಪದಲ್ಲಿ ಅಲ್ಲ. ಬಾವಿಯೊಳಗಿನ ಕಪ್ಪೆ ಅಂತೀವಿ. ದ್ವೀಪದವರನ್ನು ಕನ್ನಡ ಯಾವತ್ತೂ ಹಾಗೆ ಬೈದಿಲ್ಲ.

ನಮ್ಮ ಕತೆಗಳಲ್ಲಿ ದ್ವೀಪಕ್ಕೆ ಬೇರೆಯೇ ಬಣ್ಣಗಳಿವೆ. ಹಳೆಯ ಜೈನ ಕತೆಗಳಲ್ಲಿ ವ್ಯಾಪಾರಿಗಳು ದ್ವೀಪಾಂತರಕ್ಕೆ ಹೋಗುತ್ತಾರೆ, ಹಡಗು ಒಡೆಯುತ್ತದೆ, ರತ್ನ ಸಿಗುತ್ತದೆ. ಅದೇ ‘ದ್ವೀಪಾಂತರ’ ಬ್ರಿಟಿಷರ ಕಾಲಕ್ಕೆ ಅಂಡಮಾನಿನ ಶಿಕ್ಷೆಯಾಯಿತು, ಕರಿನೀರು ಅಂತ ಹೆದರುವ ಹಾಗಾಯಿತು. ಇನ್ನೊಂದು ಕಡೆ ಪೂಜೆಗೆ ಕೂತು ಸಂಕಲ್ಪ ಮಾಡುವವರು ಇವತ್ತಿಗೂ ತಾವಿರುವ ಜಾಗವನ್ನು ‘ಜಂಬೂದ್ವೀಪೇ’ ಅಂತಲೇ ಹೇಳುತ್ತಾರೆ. ಅಶೋಕನ ಕಿರು ಶಿಲಾಶಾಸನದಲ್ಲೂ ನಮ್ಮ ನಾಡು ಜಂಬೂದೀಪ. ಆ ಲೆಕ್ಕದಲ್ಲಿ ಸಮುದ್ರವನ್ನೇ ನೋಡದ ನಾವೂ ದ್ವೀಪದವರೇ ಅಲ್ವಾ?

ಇಷ್ಟೆಲ್ಲ ಗುಡ್ಡೆ ಹಾಕಿಕೊಂಡರೂ ನನ್ನ ವಾಕ್ಯ ಅಲ್ಲೇ ನಿಂತಿತ್ತು. ಪುಸ್ತಕ ಬಿಟ್ಟು ಮನುಷ್ಯರನ್ನು ಕೇಳೋಣ ಅನ್ನಿಸಿತು. ದ್ವೀಪ ನಮಗೆ ದೂರದ್ದೇನಲ್ಲ. ಯಾದಗಿರಿ ಜಿಲ್ಲೆಯಲ್ಲಿ ಕೃಷ್ಣಾ ನದಿಯ ನಡುವೆ ನೀಲಕಂಠರಾಯನಗಡ್ಡಿ ಇದೆ. ನಾರಾಯಣಪುರದ ಬಸವಸಾಗರ ಜಲಾಶಯದಿಂದ ನೀರು ಬಿಟ್ಟಾಗಲೆಲ್ಲ ಪೇಪರಿನಲ್ಲಿ ಅದರ ಹೆಸರು ಬರುತ್ತದೆ. 2014ರಲ್ಲಿ ಅಲ್ಲಿನ ಒಬ್ಬ ತುಂಬು ಗರ್ಭಿಣಿ ಒಣಗಿದ ಸೋರೆಕಾಯಿಗಳನ್ನು ಮೈಗೆ ಕಟ್ಟಿಕೊಂಡು, ತುಂಬಿ ಹರಿಯುವ ಹೊಳೆಯನ್ನು ಈಜಿ ದಾಟಿದ್ದರು, ಆಸ್ಪತ್ರೆ ಇರುವ ದಡದಲ್ಲಿ ಹೆರಿಗೆ ಆಗಲಿ ಅಂತ.

‘ಗಡ್ಡಿ’ ಅನ್ನೋದು ನಮಗೆ ದಿನದ ಪದ. ಉಳ್ಳಾಗಡ್ಡಿಯಲ್ಲಿ ಇರೋದೂ ಅದೇ ಗಡ್ಡಿ. ಮಣ್ಣೊಳಗೆ ಉಂಡೆಯಾಗಿ ಕೂತದ್ದು ಉಳ್ಳಾಗಡ್ಡಿ, ನೀರೊಳಗೆ ಉಂಡೆಯಾಗಿ ಕೂತದ್ದು ನಡುಗಡ್ಡಿ. ಇದಕ್ಕಿಂತ ಹಳೆಯ ಇನ್ನೊಂದು ಪದ ‘ಕುರುವ’. ಗಾಣಗಾಪುರಕ್ಕೆ ಹೋಗುವ ದತ್ತ ಭಕ್ತರಿಗೆಲ್ಲ ರಾಯಚೂರಿನ ಕಡೆ ಕೃಷ್ಣೆಯ ನಡುವೆ ಇರುವ ಕುರುವಪುರ ಗೊತ್ತು, ಅದನ್ನು ಕುರುಗಡ್ಡಿ ಅಂತಲೂ ಕರೆಯುತ್ತಾರೆ. ಕುರುವ ಅಂದರೂ ನಡುಗಡ್ಡೆ, ಗಡ್ಡಿ ಅಂದರೂ ನಡುಗಡ್ಡೆ. ಹಳೆಯ ಪದದ ಅರ್ಥ ಮರೆತ ಮೇಲೆ ಜನ ಹೊಸದನ್ನು ಪಕ್ಕಕ್ಕೆ ಜೋಡಿಸಿಕೊಂಡಿರಬೇಕು ಅಂತ ನನಗೆ ಕಾಣುತ್ತದೆ. ಕರಾವಳಿಯಲ್ಲಿ ತುಳುವರು ಇವತ್ತಿಗೂ ‘ಕುದ್ರು’ ಅಂತಾರೆ.

ನಮ್ಮ ಕಾಲೇಜಿನ ಒಬ್ಬ ಹುಡುಗನ ಸೋದರಮಾವನ ಊರು ಕೃಷ್ಣಾ ದಂಡೆಯ ಕಡೆ. ಅವರು ಒಮ್ಮೆ ಕಲಬುರಗಿ ದವಾಖಾನೆಗೆ ಬಂದಾಗ ನಮ್ಮ ಮನೆಗೆ ಕರೆಸಿ ಚಹಾ ಕೊಟ್ಟು ಕೇಳಿದೆ. ಅವರು ಹುಟ್ಟಿದ್ದು ಗಡ್ಡಿಯಲ್ಲೇ, ಈಗ ಇರೋದು ದಂಡಿಯಲ್ಲಿ.

"ಕಾಕಾ, ಗಡ್ಡಿ ಮ್ಯಾಲ ಇರೋರು ತಮ್ಮನ್ನ ಏನಂತ ಕರಕೋತಾರ?"

ಅವರಿಗೆ ಪ್ರಶ್ನೆಯೇ ಸರಿಯಾಗಿ ತಿಳಿಯಲಿಲ್ಲ. "ಏನಂತ ಕರಕೋತಾರ್ರಿ ಅಕ್ಕೋರೆ, ನಮ್ಮೂರು ಅಂತೀವಿ. ನಮ್ಮ ಮಂದಿ ಅಂತೀವಿ. ಗಡ್ಡಿಯವರು ಅನ್ನೋದು ದಂಡಿಯವರು. ಹೊಳಿ ಬಂದಾಗಷ್ಟೇ ನಾವೂ ಅಂತಿದ್ವಿ, ‘ಗಡ್ಡಿಯವರಿಗೆ ಯಾರದಾರ್ರಿ’ ಅಂತ."

ಆ ಮಾತನ್ನು ನಾನು ಹಾಗೇ ಬರೆದಿಟ್ಟುಕೊಂಡೆ. ನನ್ನ ಅನುವಾದ ನಿಂತಿದ್ದ ಜಾಗ ಅದೇ ಆಗಿತ್ತು. ಇಂಗ್ಲಿಷಿನಲ್ಲಿ ಒಂದೇ ಪದ ಎಲ್ಲರ ಬಾಯಲ್ಲೂ ಬರುತ್ತದೆ. ನಮ್ಮಲ್ಲಿ ಯಾವ ದಡದಲ್ಲಿ ನಿಂತು ಹೇಳುತ್ತಾರೆ ಅನ್ನೋದರ ಮೇಲೆ ಪದ ಬದಲಾಗುತ್ತದೆ.

ಮರುದಿನದಿಂದ ಕೆಲಸದ ರೀತಿ ಬದಲಿಸಿದೆ. ಐಲ್ಯಾಂಡರ್ ಬಂದ ವಾಕ್ಯಗಳನ್ನೆಲ್ಲ ಒಂದು ನೋಟ್‌ಬುಕ್ಕಿನಲ್ಲಿ ಬರೆದೆ, 51 ಇದ್ದವು. ಪ್ರತಿಯೊಂದರ ಪಕ್ಕ ಇದನ್ನು ಹೇಳುತ್ತಿರುವವರು ಯಾರು ಅಂತ ಬರೆದೆ. ಸರ್ಕಾರದ ಕಾಗದ ಮಾತಾಡುವ ಕಡೆ ‘ದ್ವೀಪ ನಿವಾಸಿಗಳು’ ಅಂತ ಉಳಿಸಿದೆ, ಅಲ್ಲಿ ಅದು ಸರಿಯಾಗಿಯೇ ಕೂರುತ್ತದೆ, ನಮ್ಮ ತಹಸೀಲ್ದಾರ್ ಕಚೇರಿಯ ಕಾಗದದ ಹಾಗೆ. ಹಡಗಿನಲ್ಲಿ ಬರುವ ಪ್ರವಾಸಿಗರು, ಪಾದ್ರಿಗಳು, ಆಚೆ ದಡದ ವ್ಯಾಪಾರಿಗಳು ಹೇಳುವ ಕಡೆ ‘ನಡುಗಡ್ಡೆಯವರು’. ದ್ವೀಪದ ಜನ ತಾವೇ ಹೇಳಿಕೊಳ್ಳುವ ಕಡೆ ಪದವನ್ನೇ ತೆಗೆದು ‘ನಮ್ಮ ಮಂದಿ’, ‘ನಮ್ಮೂರವರು’ ಅಂತ ಹಾಕಿದೆ. ‘ಗಡ್ಡಿಯವರು’ ಅಂತಲೇ ಹಾಕಬೇಕು ಅಂತ ತುಂಬಾ ಆಸೆ ಇತ್ತು. ಆದರೆ ಗಡ್ಡಿ ಅಂದರೆ ನಮ್ಮ ಕಣ್ಣಿಗೆ ಬರೋದು ಹೊಳೆ. ಸೇಂಟ್ ಕಿಲ್ಡಾ ಸುತ್ತ ಇರೋದು ಸಮುದ್ರ. ಅದಕ್ಕೆ ಪುಸ್ತಕದ ರೂಪವಾದ ನಡುಗಡ್ಡೆಗೇ ಒಪ್ಪಿಕೊಂಡೆ. ‘ಮುಖ್ಯಭೂಮಿ’ ಅನ್ನೋ ಪದವನ್ನು ಮಾತ್ರ ಎಲ್ಲಾ ಕಡೆ ಕಿತ್ತುಹಾಕಿ ‘ದಂಡೆ’, ‘ಆಚೆ ದಂಡೆ’ ಅಂತ ಮಾಡಿದೆ. ಯಾರ ಭೂಮಿ ಮುಖ್ಯ, ಯಾರದ್ದು ಅಲ್ಲ ಅಂತ ಅನುವಾದಕಿ ಯಾಕೆ ಹೇಳಬೇಕು?

50 ವಾಕ್ಯ ಹೀಗೆ ಮುಗಿದವು. ಒಂದು ಉಳಿಯಿತು.

ಊರು ಬಿಟ್ಟ ಮೇಲಿನ ಮಾತು ಅದು. ಮರವೇ ಇಲ್ಲದ ದ್ವೀಪದಿಂದ ಬಂದ ಗಂಡಸರಲ್ಲಿ ಹಲವರಿಗೆ ಸರ್ಕಾರ ಕೊಟ್ಟದ್ದು ಕಾಡಿನಲ್ಲಿ ಮರ ನೋಡಿಕೊಳ್ಳುವ ಕೆಲಸ. ಅವರು ದಂಡೆಯಲ್ಲಿ ವರ್ಷಗಟ್ಟಲೆ ಬದುಕಿದರು, ಮಕ್ಕಳಾದರು, ದ್ವೀಪದಲ್ಲಿ ಹುಟ್ಟಿದವರಲ್ಲಿ ಕೊನೆಯವರು ತೀರಿಕೊಂಡದ್ದು 2016ರಲ್ಲಿ. ಪ್ರಬಂಧದಲ್ಲಿ ಅಂಥ ಒಬ್ಬ ಮುದುಕಿಯ ಬಗ್ಗೆ, ಆಕೆ ಕೊನೆಯವರೆಗೂ ಐಲ್ಯಾಂಡರ್ ಆಗಿಯೇ ಉಳಿದಳು ಅಂತ ಬರುತ್ತದೆ. ದ್ವೀಪದಲ್ಲೇ ಇಲ್ಲದವಳು ನಿವಾಸಿ ಹೇಗಾಗುತ್ತಾಳೆ? ವಾಸವೇ ಇಲ್ಲವಲ್ಲ.

ವ್ಯಾಸರ ನೆನಪಾಯಿತು. ಅವರ ಹೆಸರು ಕೃಷ್ಣದ್ವೈಪಾಯನ. ಯಮುನೆಯ ನಡುಗಡ್ಡೆಯಲ್ಲಿ ಹುಟ್ಟಿದ್ದಕ್ಕೆ ಆ ಹೆಸರು. ತಾಯಿ ಸತ್ಯವತಿ ದೋಣಿ ನಡೆಸುವ ಹುಡುಗಿ. ಮಗು ಹುಟ್ಟಿದ ಕೂಡಲೇ ಬೆಳೆದು, ತಾಯಿಯ ಅಪ್ಪಣೆ ಪಡೆದು ತಪಸ್ಸಿಗೆ ಹೊರಟುಬಿಡುತ್ತದೆ. ಅಂದರೆ ವ್ಯಾಸರು ಆ ದ್ವೀಪದಲ್ಲಿ ಬದುಕಲೇ ಇಲ್ಲ! ಬದುಕಿದ್ದೆಲ್ಲ ಬೇರೆ ಕಡೆ, ಆದರೆ ದ್ವೀಪ ಹೆಸರಿನಲ್ಲಿ ಕೂತುಬಿಟ್ಟಿತು. ಆ ವಾಕ್ಯಕ್ಕೆ ‘ದ್ವೈಪಾಯನೆ’ ಅಂತ ಬರೆದೂ ನೋಡಿದೆ. ಅರ್ಥ ಸರಿ ಇತ್ತು, ಬಾಯಿಗೆ ಭಾರ ಆಯಿತು. ಒಬ್ಬ ಮುದುಕಿಯನ್ನು ಹಾಗೆ ಕರೆಯೋಕೆ ಆಗಲ್ಲ.

ಕಾಕಾಗೆ ಫೋನ್ ಮಾಡಿದೆ. ಗಡ್ಡಿಯಿಂದ ದಂಡಿಗೆ ಮದುವೆಯಾಗಿ ಬಂದ ಹೆಣ್ಣುಮಕ್ಕಳನ್ನು ಏನಂತ ಕರೀತಾರೆ ಅಂತ ಕೇಳಿದೆ. ಈ ಸಲ ತಡಮಾಡದೆ ಹೇಳಿದರು.

"ಗಡ್ಡಿಯಾಕಿ ಅಂತಾರ್ರಿ. ನಮ್ಮ ಅಕ್ಕಂಗ ಅರವತ್ತಾದ್ವು. ಈಗೂ ಅವರ ಓಣ್ಯಾಗ ಗಡ್ಡಿಯಾಕಿ ಅಂದ್ರನ ಗುರ್ತು, ಹೆಸರು ಯಾರಿಗೂ ಗೊತ್ತಿಲ್ಲ."

"ಮದುವಿಗಿಂತ ಮೊದಲ?"

"ಮೊದಲ ಯಾಕಂತಾರ್ರಿ? ಗಡ್ಡಿ ಮ್ಯಾಲ ಎಲ್ಲಾರೂ ಗಡ್ಡಿಯವರs."

ಫೋನ್ ಇಟ್ಟು ಆ ವಾಕ್ಯ ಬರೆದೆ: ‘ಸಾಯುವವರೆಗೂ ಆ ಓಣಿಯಲ್ಲಿ ಆಕೆ ಗಡ್ಡಿಯಾಕಿ.’ ಹೊಳೆ, ಸಮುದ್ರ ಅನ್ನೋ ನನ್ನ ಲೆಕ್ಕವನ್ನು ಅಲ್ಲಿ ಬಿಟ್ಟೆ. ರಾತ್ರಿ ಅವ್ವನಿಗೆ ಓದಿ ಹೇಳಿದೆ. ಅವ್ವ ಹುಟ್ಟಿದ್ದು ಚಿತ್ತಾಪುರದ ಕಡೆ, ಈ ಮನೆಗೆ ಬಂದು 48 ವರ್ಷ ಆಯಿತು. ಸ್ವಲ್ಪ ಹೊತ್ತು ಸುಮ್ಮನಿದ್ದು, "ಆಕಿ ತವರಿಗೆ ಮತ್ತ ಹೋಗಿದ್ಲೇನು?" ಅಂತ ಕೇಳಿದಳು.