ಶಿರವೋ, ರುಂಡವೋ

ಯುರೋಪಿನ ಲಾಂಛನಗಳ ಕುರಿತ ಬರಹವೊಂದನ್ನು ಕನ್ನಡಕ್ಕೆ ತರುತ್ತಿದ್ದಾಗ ಒಂದೇ ಪದ ನನ್ನನ್ನು ಮೂರು ದಿನ ಹಿಡಿದು ಕೂರಿಸಿತು. ಫ್ರೆಂಚಿನಲ್ಲಿ ‘ತೆತ್ ದ ಮೋರ್’, ಇಟಾಲಿಯನ್ನಿನಲ್ಲಿ ‘ತೆಸ್ತಾ ದಿ ಮೋರೊ’. ಅಂದರೆ ಮೂರ್ ಪುರುಷನ ತಲೆ. ಉತ್ತರ ಆಫ್ರಿಕಾದ ಮುಸ್ಲಿಮರನ್ನೂ ಕಪ್ಪು ಜನರನ್ನೂ ಯುರೋಪಿನವರು ಮೂರ್ ಎಂದು ಕರೆಯುತ್ತಿದ್ದರು. ‘ಮೂರರ ತಲೆ’ ಎಂದರೆ ಓದುಗರು ಲೆಕ್ಕಕ್ಕೆ ತೊಡಗುತ್ತಾರೆ. ಇಟಲಿಯ ಸಾರ್ಡೀನಿಯಾ ದ್ವೀಪದ ಧ್ವಜದಲ್ಲಿ ಅಂಥ ತಲೆಗಳು ನಾಲ್ಕಿರುವುದರಿಂದ ಗೊಂದಲ ಇನ್ನೂ ಹೆಚ್ಚು. ಹಾಗಾಗಿ ‘ಪುರುಷ’ ಸೇರಿಸಿಕೊಂಡೆ.

ನಿಜವಾದ ಕಷ್ಟ ‘ತಲೆ’ಯಲ್ಲಿತ್ತು. ಮೊದಲ ಕರಡಿನಲ್ಲಿ ಎಲ್ಲ ಕಡೆಯೂ ‘ರುಂಡ’ ಎಂದು ಬರೆದಿದ್ದೆ. ಚಿತ್ರದಲ್ಲಿ ಮುಂಡವಿಲ್ಲ, ಕುತ್ತಿಗೆಯ ಕೆಳಗೆ ಏನೂ ಇಲ್ಲ. ಮತ್ತೇನು ಬರೆಯುವುದು ಎಂದುಕೊಂಡಿದ್ದೆ. ಆಮೇಲೆ ಕುತ್ತಿಗೆಯ ಅಂಚನ್ನು ದೊಡ್ಡದು ಮಾಡಿ ನೋಡತೊಡಗಿದೆ. ಲಾಂಛನಶಾಸ್ತ್ರದಲ್ಲಿ ಆ ಅಂಚಿಗೂ ಭಾಷೆಯಿದೆ. ಗೆರೆ ಎಳೆದಂತೆ ನೇರವಾಗಿದ್ದರೆ ‘ಕತ್ತರಿಸಿದ್ದು’. ಮೂರು-ನಾಲ್ಕು ಚೂಪು ಎಳೆಗಳಾಗಿ ಹರಿದು ಇಳಿಬಿದ್ದಿದ್ದರೆ ‘ಕಿತ್ತದ್ದು’. ಎರಡೂ ಚಿತ್ರ ಬರೆಯುವ ರೀತಿಗೆ ಇಟ್ಟ ಹೆಸರುಗಳು. ನೇರ ಅಂಚು ಕಂಡಲ್ಲೆಲ್ಲ ಕೊಲೆ ನಡೆದಿದೆ ಎಂದು ಅರ್ಥವಲ್ಲ.

ಅಲ್ಲಿಂದ ಪ್ರತಿ ತಲೆಯ ಹಿಂದಿನ ಕಥೆಯನ್ನು ಬೇರೆಬೇರೆಯಾಗಿ ಕೇಳಿದೆ. ಸ್ಪೇನಿನ ಅರಗಾನ್ ಪ್ರಾಂತ್ಯದ ಲಾಂಛನದಲ್ಲೂ ನಾಲ್ಕು ತಲೆಗಳಿವೆ. ಅಲ್ಲಿನ ದಂತಕಥೆಯ ಪ್ರಕಾರ 1096ರ ಅಲ್ಕೊರಾಸ್ ಯುದ್ಧದಲ್ಲಿ ಸೋತ ನಾಲ್ವರು ಮೂರ್ ಅರಸರ ತಲೆಗಳವು. ಅಲ್ಲಿ ‘ರುಂಡ’ವೇ ಸರಿ, ಆ ಪದದ ಕ್ರೌರ್ಯವನ್ನು ಮೆದುಗೊಳಿಸುವ ಹಕ್ಕು ಅನುವಾದಕನಿಗಿಲ್ಲ. ಜರ್ಮನಿಯ ಫ್ರೈಸಿಂಗ್ ಧರ್ಮಪ್ರಾಂತ್ಯದ ತಲೆಗೆ ಕಿರೀಟವಿದೆ. 2005ರಲ್ಲಿ ಪೋಪ್ ಹದಿನಾರನೇ ಬೆನೆಡಿಕ್ಟ್ ಅದನ್ನು ತಮ್ಮ ಲಾಂಛನಕ್ಕೂ ತಂದರು. ಅದನ್ನು ರುಂಡ ಎನ್ನಲು ನನ್ನ ಕೈ ಬರಲಿಲ್ಲ. ಜರ್ಮನಿಯದೇ ಕೋಬರ್ಗ್ ನಗರದ ಲಾಂಛನದ ತಲೆಯಂತೂ ಸಂತ ಮಾರಿಸ್‌ನದು. ಮಾರಿಸ್ ಎಂಬ ಹೆಸರಿಗೂ ಮೂರ್ ಎಂಬ ಮಾತಿಗೂ ‘ಮೌರುಸ್’ ಎಂಬ ಒಂದೇ ಲ್ಯಾಟಿನ್ ಬೇರು. 1934ರಲ್ಲಿ ನಾಜಿಗಳು ಈ ಕಪ್ಪು ಸಂತನನ್ನು ಲಾಂಛನದಿಂದ ತೆಗೆದುಹಾಕಿದರು. 1945ರಲ್ಲಿ ಊರು ಅವನನ್ನು ಮರಳಿ ತಂದಿತು. ಪೂಜೆಗೊಳ್ಳುವ ಈ ತಲೆಗೆ ‘ಶಿರ’ ಎಂದು ಬರೆದೆ.

ಫ್ರಾನ್ಸಿನ ಕಾರ್ಸಿಕಾ ದ್ವೀಪದ ಲಾಂಛನದ ತಲೆಯ ಬಳಿ ಹೆಚ್ಚು ಹೊತ್ತು ನಿಂತೆ. ಹಳೆಯ ಚಿತ್ರಗಳಲ್ಲಿ ತಲೆಗೆ ಕಟ್ಟಿದ ಬಿಳಿ ಪಟ್ಟಿ ಕಣ್ಣನ್ನು ಮುಚ್ಚಿತ್ತು. ಸ್ವಾತಂತ್ರ್ಯಕ್ಕಾಗಿ ಹೋರಾಡಿದ ಪಾಸ್ಕ್ವಾಲೆ ಪಾವೊಲಿಯ ಕಾಲದಲ್ಲಿ, 1762ರಲ್ಲಿ, ಅದು ಹಣೆಗೆ ಏರಿತು. ಸಾರ್ಡೀನಿಯಾ 1999ರಲ್ಲಿ ಕಾನೂನು ಮಾಡಿ ತನ್ನ ನಾಲ್ವರ ಕಣ್ಣನ್ನೂ ತೆರೆಸಿತು. ಕಣ್ಣು ತೆರೆದು ನೋಡುತ್ತಿರುವವನನ್ನು ರುಂಡ ಎನ್ನಲಾರೆ, ಪೂಜೆಯಿಲ್ಲದ ಕಡೆ ಶಿರ ಎನ್ನುವುದೂ ಅತಿಯಾಯಿತು. ಅಲ್ಲಿ ಬರೀ ‘ತಲೆ’ ಎಂದು ಬರೆದೆ.

ಒಂದೇ ಮೂಲಪದಕ್ಕೆ ಮೂರು ಕನ್ನಡ ಪದಗಳೇಕೆ ಎಂದು ಕರಡು ತಿದ್ದಿದವರು ಅಂಚಿನಲ್ಲಿ ಕೇಳಿದ್ದರು. ಈ ಎಲ್ಲ ಲಾಂಛನಗಳ ಚಿತ್ರವನ್ನು ಒಂದೇ ಹಾಳೆಯಲ್ಲಿ ಅಚ್ಚು ಹಾಕಿಸಿ ಕಳುಹಿಸಿದೆ. ಪದಗಳು ಹಾಗೆಯೇ ಉಳಿದವು.