ಲಾಳದ ಕುರುವಿಗೆ ಎರಡು ಕೋಡ್ ಬೇಡ

ಆಪರೇಷನ್ ನೋಟನ್ನು ಕೆಳಗಿನಿಂದ ಮೇಲಕ್ಕೆ ಓದುತ್ತೇನೆ ಎಂದಾಗ ನಮ್ಮ ಟೀಮ್ ಲೀಡ್ ನಕ್ಕಿದ್ದರು. "ಗಂಟೆಗೆ ಎಂಟು ಚಾರ್ಟ್ ಮುಗಿಸಬೇಕು, ನೀವು ಕಾದಂಬರಿ ಓದುತ್ತಾ ಕೂರುತ್ತೀರಾ?" ಮೊದಲ ಎರಡು ವಾರ ಅವರ ಮಾತೇ ನಿಜವಾಯಿತು. ಎಂಟಿದ್ದದ್ದು ಐದೂವರೆ, ಆರಕ್ಕೆ ಇಳಿಯಿತು.

ಬೆಂಗಳೂರಿನಲ್ಲಿ ಕುಳಿತು ಅಮೆರಿಕದ ಕೈ ಶಸ್ತ್ರಚಿಕಿತ್ಸೆಯ ಚಾರ್ಟುಗಳನ್ನು ಕೋಡ್ ಮಾಡುವುದು, ಅಂದರೆ ರೋಗಿಯ ದಾಖಲೆ ಓದಿ ಕಾಯಿಲೆಗೂ ಚಿಕಿತ್ಸೆಗೂ ವಿಮೆಯವರಿಗೆ ಬೇಕಾದ ಸಂಕೇತ ಹಾಕುವುದು ನನ್ನ ಕೆಲಸ. ಈ ಹುಚ್ಚು ಹತ್ತಿದ್ದಕ್ಕೆ ದುಡ್ಡೇ ಕಾರಣ. ಆಡಿಟ್ ಅಂಕ 95ರ ಕೆಳಗಿಳಿದರೆ ನಮ್ಮಲ್ಲಿ ಇನ್‌ಸೆಂಟಿವ್ ಇಲ್ಲ. ಸತತ ಮೂರು ತಿಂಗಳು, ತಿಂಗಳಿಗೆ ಸುಮಾರು ನಾಲ್ಕು ಸಾವಿರ ರೂಪಾಯಿ ಕೈತಪ್ಪಿತು. ತಪ್ಪುಗಳನ್ನು ಹರವಿಕೊಂಡು ನೋಡಿದರೆ ಅರ್ಧಕ್ಕಿಂತ ಹೆಚ್ಚು ಒಂದೇ ಜಾಗದವು: ಕೀವು ತುಂಬಿದ ಅಂಗೈ ಬರ್ಸಾ (ಸ್ನಾಯುರಜ್ಜುಗಳ ಸುತ್ತಲಿನ ತೆಳು ದ್ರವದ ಚೀಲ).

ಎಡವುತ್ತಿದ್ದದ್ದು ಹೀಗೆ. ನೋಟಿನ ತಲೆಯಲ್ಲಿ 'ಬಲಗೈ ಬರ್ಸೈಟಿಸ್' (ಬರ್ಸಾದ ಬಾವು) ಎಂದಷ್ಟೇ ಇರುತ್ತದೆ. ನಾನು ಕಣ್ಣು ಮುಚ್ಚಿ ಎಂ70.11 ಹಾಕುತ್ತಿದ್ದೆ. ಅದು ಬಳಕೆ, ಒತ್ತಡದಿಂದ ಬಂದ ಬರ್ಸೈಟಿಸಿನ ಕೋಡ್. ಕೆಳಗೆ ಇಳಿದರೆ ಸೀಳಿದ್ದು, ತೊಳೆದದ್ದು, ಕಲ್ಚರ್‌ಗೆ ಕಳಿಸಿದ್ದು ಎಲ್ಲವೂ ಇದೆ. ಕೊನೆಯಲ್ಲಿ ವೈದ್ಯರೇ 'ಸೋಂಕು' ಎಂದು ಬರೆದಿದ್ದಾರೆ. ಅದು ಎಂ71.141, ಸೋಂಕಿನ ಬರ್ಸೈಟಿಸಿನ ಕೋಡ್. ಒತ್ತಡದ ಬಾವಿನ ಕೋಡಿಗೆ ಒಂದು ಬರ್ಸಾದ ಕೀವು ತೆಗೆದ ಚಿಕಿತ್ಸೆಯ ಕೋಡ್ 26025 ಅಂಟಿಸಿ ಕಳಿಸಿದರೆ ವಿಮೆಯವನು ಸುಮ್ಮನಿರುತ್ತಾನೆಯೇ? ಹಾಗೆ ವಾಪಸ್ ಬಂದ ಒಂದು ಕ್ಲೇಮು ಎರಡು ಸಾವಿರ ಡಾಲರಿನ ಆಸುಪಾಸಿನದು. 'ಎರಡೂ ಹಾಕಿಬಿಡೋಣ' ಎನ್ನುವ ಜಾಣರಿಗೆ: ಎಂ71ರ ಕೆಳಗೆ ಎಂ70ಕ್ಕೆ ಎಕ್ಸ್‌ಕ್ಲೂಡ್ಸ್ 1 ಇದೆ, ಅಂದರೆ ಎರಡನ್ನೂ ಒಟ್ಟಿಗೆ ಹಾಕುವಂತಿಲ್ಲ.

ನಾನು ಎಡವಿದ ಇನ್ನೊಂದು ಜಾಗ ಲಾಳದ ಕುರು, ಅಂದರೆ ಕುದುರೆ ಲಾಳದ ಆಕಾರದಲ್ಲಿ ಹಬ್ಬುವ ಕೀವು. ಕಿರುಬೆರಳಿನ ಕೀವು ಅಲ್ನಾರ್ ಬರ್ಸಾಕ್ಕೆ ಇಳಿದು, ಮಣಿಕಟ್ಟಿನ ಬಳಿ ದಾಟಿ, ರೇಡಿಯಲ್ ಬರ್ಸಾದ ದಾರಿಯಲ್ಲಿ ಹೆಬ್ಬೆರಳಿಗೆ ಹತ್ತುತ್ತದೆ. ಮೊದಲ ಬಾರಿ ಬಲಗೈ ಬರ್ಸಾದ ಕುರುವಿನ ಕೋಡ್ ಎಂ71.041 ಅನ್ನು ಎರಡು ಸಲ ಬರೆದೆ. ಒಂದು ಭೇಟಿಗೆ ಒಂದು ಕೋಡ್ ಒಮ್ಮೆ ಮಾತ್ರ ಎಂದು ಆಡಿಟರ್ ಕೆಂಪು ಗೆರೆ ಎಳೆದರು. ಎರಡನೆಯ ಬಾರಿ ಬುದ್ಧಿ ಉಪಯೋಗಿಸಿ ಎಂ71.09, ಅಂದರೆ ಹಲವು ಜಾಗಗಳ ಕೋಡ್ ಹಾಕಿದೆ. ಮತ್ತೆ ಕೆಂಪು ಗೆರೆ. ಬರ್ಸಾ ಎರಡಾದರೂ ಕೈ ಒಂದೇ. ಎರಡೆಂಬ ಲೆಕ್ಕ ಸೇರುವುದು ಚಿಕಿತ್ಸೆಯ ಕೋಡಿನಲ್ಲಿ: 26030, ಒಂದಕ್ಕಿಂತ ಹೆಚ್ಚು ಬರ್ಸಾಗಳ ಕೀವು ತೆಗೆದದ್ದು. ಬೆರಳಿನ ಸ್ನಾಯುರಜ್ಜಿನ ಕೋಶದಲ್ಲೂ ಕೀವಿತ್ತೆಂದು ವೈದ್ಯರು ಬರೆದಿದ್ದರೆ ಮಾತ್ರ ಎಂ65.041 ಜೊತೆಗೆ ಬರುತ್ತದೆ.

ಈಗ ನಾನು ಮೊದಲು ಓದುವುದು ಶಸ್ತ್ರಚಿಕಿತ್ಸಕರು ಒಳಗೆ ಕಂಡದ್ದನ್ನು ಬರೆದ ಭಾಗ, ತಲೆಬರಹ ಕೊನೆಗೆ. 'ಕಲಕಿದ ದ್ರವ' ಎಂದಿದ್ದರೆ ಅದನ್ನು ನಾನಾಗಿ ಕುರು ಮಾಡುವಂತಿಲ್ಲ, ವೈದ್ಯರಿಗೆ ಕ್ವೆರಿ (ಸ್ಪಷ್ಟನೆ ಕೇಳುವ ಪ್ರಶ್ನೆ) ಕಳಿಸಲೇಬೇಕು. ಕ್ವೆರಿಯಲ್ಲಿ ಉತ್ತರವನ್ನು ವೈದ್ಯರ ಬಾಯಿಗೆ ತುರುಕಬಾರದೆಂಬುದು ನಿಮಗೆ ಗೊತ್ತೇ ಇದೆ. ನಾನು ಅದನ್ನು ಯಾವ ವಾಕ್ಯದಿಂದ ಶುರು ಮಾಡುತ್ತೇನೆ, ಎರಡು ದಿನದೊಳಗೆ ಉತ್ತರ ಹೇಗೆ ಬರುತ್ತದೆ ಎಂಬುದು ನನ್ನ ಬಳಿಯೇ ಇರಲಿ. ರೋಗಾಣುವಿನದೂ ಇದೇ ಕಥೆ. ಲ್ಯಾಬ್ ವರದಿಯಲ್ಲಿ ಎಂಆರ್‌ಎಸ್‌ಎ (ಮೆಥಿಸಿಲಿನ್ ಔಷಧಕ್ಕೆ ಬಗ್ಗದ ಸ್ಟ್ಯಾಫಿಲೊಕಾಕಸ್ ರೋಗಾಣು) ಇದ್ದರೆ ಸಾಲದು, ವೈದ್ಯರು ಬರೆದ ಮೇಲೆ ಬಿ95.62. ಅದರ ಹಿಂದೆ ಪೆನಿಸಿಲಿನ್ ಪ್ರತಿರೋಧದ ಕೋಡ್ ಝಡ್16.11 ಹಾಕಿ ಒಮ್ಮೆ ಅಂಕ ಕಳೆದುಕೊಂಡಿದ್ದೇನೆ. ನೀವು ಕಳೆದುಕೊಳ್ಳಬೇಡಿ.

ನಡುವೆ ಎಕ್ಸೆಲ್ ಮ್ಯಾಕ್ರೋ ಬರೆಯುವ ಚಪಲವೂ ಹತ್ತಿತು. 'ಹಾರ್ಸ್‌ಶೂ' (ಲಾಳ) ಎಂಬ ಪದ ಸಿಕ್ಕ ಕೂಡಲೇ ಸಾಲಿಗೆ ಹಳದಿ ಬಣ್ಣ. ಎರಡು ಭಾನುವಾರ ಹಾಳು ಮಾಡಿ ಓಡಿಸಿದರೆ, ಬಣ್ಣ ಬಂದ ಮೊದಲ ಚಾರ್ಟಿನಲ್ಲಿ ಹಳೆಯ ಕಾಯಿಲೆಗಳ ಪಟ್ಟಿಯ ಲಾಳಾಕಾರದ ಮೂತ್ರಪಿಂಡ! ಅದನ್ನು ಅಲ್ಲಿಗೇ ಬಿಟ್ಟೆ.

ಎರಡು ತಿಂಗಳಲ್ಲಿ ವೇಗ ಎಂಟಕ್ಕೆ ಮರಳಿತು, ಅಂಕ 98ರ ಹತ್ತಿರ ನಿಂತಿತು. ನಕ್ಕಿದ್ದ ಲೀಡ್ ಈಗ ಕೈಯ ಚಾರ್ಟುಗಳನ್ನೆಲ್ಲ ನನ್ನ ಸಾಲಿಗೇ ತಳ್ಳುತ್ತಾರೆ. ಸಂಬಳದ ಮಾತು ಮಾತ್ರ ಎತ್ತುವುದಿಲ್ಲ. ಮೊಣಕೈಯ ಎಂ71.12ಕ್ಕೂ ಇದೇ ಓದನ್ನು ಹಚ್ಚಿ ನೋಡಿದೆ. ಅಷ್ಟು ಹತ್ತಲಿಲ್ಲ. ಅಲ್ಲಿ ಬಹಳಷ್ಟು ಸಲ ಕ್ಲಿನಿಕ್ಕಿನಲ್ಲೇ ಸೂಜಿಯಿಂದ ದ್ರವ ಎಳೆದು ಕಳಿಸಿರುತ್ತಾರೆ. ನಾಲ್ಕು ಸಾಲಿನ ನೋಟನ್ನು ಯಾವ ಕಡೆಯಿಂದ ಓದಿದರೂ ಅಷ್ಟೇ.